ನಿಮ್ಮ ನೌರು ಲೇಖನದ ಬಗ್ಗೆ

ನಮಸ್ಕಾರ. ನೌರು ದ್ವೀಪದ ಬಗ್ಗೆ ನೀವು ಕಳಿಸಿದ ಲೇಖನ ಓದಿದೆ. ಈಗಿರುವ ಹಾಗೆ ಪ್ರಕಟಿಸಲು ಆಗುವುದಿಲ್ಲ. ಆದರೆ ಕೈಬಿಡಬೇಡಿ, ಒಳಗೆ ಒಳ್ಳೆಯ ಲೇಖನವಿದೆ.

ಮೊದಲರ್ಧ ಭೂಗೋಳ, ಉಳಿದರ್ಧ ಇತಿಹಾಸ ಅಂತ ಪಾಲು ಮಾಡಿದ್ದೀರಿ. ತೊಂದರೆ ಅಲ್ಲೇ ಇರುವುದು. ತೆಂಗಿನ ಮರ, ನೀಲಿ ಕಡಲು, ಸೂರ್ಯಾಸ್ತ ಅಂತ ಇಡೀ ಪುಟ ಹೋಗಿದೆ. ಅದು ಯಾವ ದ್ವೀಪಕ್ಕಾದರೂ ಹೊಂದುತ್ತದೆ, ಅಲ್ವಾ? ಶಾಂತಸಾಗರ, ಸಮಭಾಜಕದ ಪಕ್ಕ, 21 ಚದರ ಕಿಲೋಮೀಟರ್: ಇಷ್ಟು ಒಂದು ಸಾಲಿನಲ್ಲಿ ಹೇಳಿ ದ್ವೀಪದ ನಡುಭಾಗಕ್ಕೆ ಹೋಗಿ. ಅಲ್ಲಿನ ಎತ್ತರದ ನೆಲಕ್ಕೆ ಟಾಪ್‌ಸೈಡ್ ಅನ್ನುತ್ತಾರೆ. ಸುಣ್ಣಕಲ್ಲಿನ ಕಂಬಗಳ ಸಂದಿಯಲ್ಲಿ ಗೊಬ್ಬರಕ್ಕೆ ಬಳಸುವ ಖನಿಜ ಫಾಸ್ಫೇಟ್ ತುಂಬಿತ್ತು. ಅದನ್ನು ಬಗೆದು ತೆಗೆದ ಮೇಲೆ ಉಳಿದದ್ದು ಬರೀ ಕಂಬಗಳು. ಬೂದು ಬಣ್ಣ, ಚೂಪು ತುದಿ, ಆಳೆತ್ತರಕ್ಕಿಂತ ಎಷ್ಟೋ ಮೇಲೆ. ಉಳುವ ಹಾಗಿಲ್ಲ, ಮನೆ ಕಟ್ಟುವ ಹಾಗಿಲ್ಲ. ಹೆಚ್ಚಿನ ಜನ ಕಡಲಂಚಿನ ಕಿರಿದಾದ ಪಟ್ಟಿಯಲ್ಲಿ ಬದುಕುತ್ತಾರೆ. ಇದು ಭೂಗೋಳವೋ ಇತಿಹಾಸವೋ, ನೀವೇ ಹೇಳಿ.

ಸಿಡ್ನಿಯ ಕಚೇರಿಯಲ್ಲಿ ಬಾಗಿಲಿಗೆ ಒತ್ತಿಟ್ಟಿದ್ದ ನೌರುವಿನ ಕಲ್ಲನ್ನು ಅಲ್ಲಿನ ವ್ಯಾಪಾರ ಕಂಪನಿಯ ನೌಕರ ಆಲ್ಬರ್ಟ್ ಎಲ್ಲಿಸ್ ಪರೀಕ್ಷೆ ಮಾಡಿಸಿ, 1900ರ ಹೊತ್ತಿಗೆ ಫಾಸ್ಫೇಟ್ ಗುರುತಿಸಿದ ಪ್ರಸಂಗವನ್ನು ಸುಮ್ನೆ ಅರ್ಧ ಸಾಲಿನಲ್ಲಿ ಮುಗಿಸಿದ್ದೀರಿ. ಲೇಖನ ಅಲ್ಲಿಂದಲೇ ಶುರುವಾಗಲಿ. ಆಗ ದ್ವೀಪ ಜರ್ಮನಿಯ ಕೈಯಲ್ಲಿತ್ತು. ಮೊದಲ ಮಹಾಯುದ್ಧದ ನಂತರ ಬ್ರಿಟನ್, ಆಸ್ಟ್ರೇಲಿಯಾ, ನ್ಯೂಜಿಲೆಂಡ್ ಸೇರಿ ಗಣಿ ನಡೆಸಿದವು. ಆ ಗೊಬ್ಬರ ಆಸ್ಟ್ರೇಲಿಯಾ, ನ್ಯೂಜಿಲೆಂಡಿನ ಹೊಲಗಳಿಗೆ ಹೋಯಿತು.

ಎರಡು ತಾರೀಖುಗಳನ್ನು ದೂರ ದೂರ ಇಟ್ಟಿದ್ದೀರಿ, ನನಗೆ ಬೇಸರವಾದದ್ದು ಅದಕ್ಕೇ. ಎರಡನೇ ಮಹಾಯುದ್ಧದಲ್ಲಿ ದ್ವೀಪವನ್ನು ಹಿಡಿದಿದ್ದ ಜಪಾನೀಯರು 1943ರಲ್ಲಿ ಸುಮಾರು 1,200 ನೌರು ಜನರನ್ನು ದೂರದ ಟ್ರಕ್ (ಈಗಿನ ಚೂಕ್) ದ್ವೀಪಗಳಿಗೆ ಸಾಗಿಸಿದರು. ಬದುಕುಳಿದವರು ಊರಿಗೆ ಮರಳಿದ್ದು 1946ರ ಜನವರಿ 31ಕ್ಕೆ. ಸ್ವಾತಂತ್ರ್ಯಕ್ಕೂ ಬೇಕೆಂದೇ ಅದೇ ದಿನವನ್ನು ಆರಿಸಿಕೊಂಡರು: 1968ರ ಜನವರಿ 31. ಇವೆರಡನ್ನೂ ಅಕ್ಕಪಕ್ಕ ಇಡಿ. ‘ಹೃದಯವಿದ್ರಾವಕ’ದಂಥ ಮಾತು ಬೇಡ.

‘ದುರಾಸೆಯಿಂದ ತಾವೇ ಹಾಳಾದರು’ ಎಂಬ ಸಾಲನ್ನು ತೆಗೆಯಲೇಬೇಕು. ಸ್ವಾತಂತ್ರ್ಯದ ನಂತರ ದುಡ್ಡು ಪೋಲಾದದ್ದು ನಿಜ. ಆದರೆ ಅದಕ್ಕೂ ಮುಂಚೆ ಅರವತ್ತು ವರ್ಷ ಅಗೆಸಿದವರು ಯಾರು? ಹಾಳಾದ ನೆಲಕ್ಕಾಗಿ ನೌರು 1989ರಲ್ಲಿ ಆಸ್ಟ್ರೇಲಿಯಾ ಮೇಲೆ ಅಂತರರಾಷ್ಟ್ರೀಯ ನ್ಯಾಯಾಲಯದಲ್ಲಿ ದಾವೆ ಹೂಡಿತು. 1993ರಲ್ಲಿ ರಾಜಿಯಾಗಿ ಆಸ್ಟ್ರೇಲಿಯಾ ಹಣ ಕೊಡಲು ಒಪ್ಪಿತು. ನಿಮ್ಮ ಲೇಖನದಲ್ಲಿ ಈ ವಿಷಯವೇ ಇಲ್ಲ. ಸೇರಿಸಿ.

ತಿದ್ದಿದ ಮೇಲೆ ನನಗೇ ಕಳಿಸಿ. ಜೊತೆಗೊಂದು ನಕ್ಷೆ ಇರಲಿ, ಟಾಪ್‌ಸೈಡ್ ಎಷ್ಟು ಜಾಗ ನುಂಗಿದೆ ಅಂತ ಕಾಣುವ ಹಾಗೆ ಗುರುತು ಮಾಡಿ.