ಗಿಡ ನೆಡದೆ, ಗೊಬ್ಬರ ಹಾಕದೆ ಇಷ್ಟೊಂದು ಹೂವೇ?

ಪ್ರಶ್ನೆ: ಮಗಳ ಮನೆಗೆಂದು ಇಂಗ್ಲೆಂಡಿಗೆ ಹೋದಾಗ ಪೀಟರ್‌ಬರೋ ಹತ್ತಿರದ ಬಾರ್ನಾಕ್‌ನಲ್ಲಿ ಹಳೆಯ ಸುಣ್ಣಕಲ್ಲಿನ ಗಣಿ ನೋಡಿದೆವು. ಹಳ್ಳ-ದಿಣ್ಣೆಗಳ ತುಂಬ ಕಾಡುಹೂ. ಅಲ್ಲಿ ಗಿಡ ನೆಡುವುದಿಲ್ಲ, ಗೊಬ್ಬರ ಹಾಕುವುದಿಲ್ಲ, ಸಾಲದ್ದಕ್ಕೆ ಕುರಿ ಬಿಟ್ಟು ಮೇಯಿಸುತ್ತಾರಂತೆ! ಸಂರಕ್ಷಿತ ಜಾಗದಲ್ಲಿ ಇದು ಸರಿಯೇ?
– ಓದುಗರೊಬ್ಬರು, ಧಾರವಾಡ

ಉತ್ತರ: ಸರಿ ಮಾತ್ರವಲ್ಲ, ಮಾಡಲೇಬೇಕು. ನೀವು ನೋಡಿದ ‘ಹಿಲ್ಸ್ ಅಂಡ್ ಹೋಲ್ಸ್’ ಪೂರ್ತಿ ಮನುಷ್ಯರು ಅಗೆದ ನೆಲ. ಪೀಟರ್‌ಬರೋ, ಈಲಿ ಕೆಥೆಡ್ರಲ್‌ಗಳನ್ನು ಕಟ್ಟಿದ್ದು ಅಲ್ಲಿನ ಕಲ್ಲಿನಿಂದಲೇ. 1500ರ ಹೊತ್ತಿಗೆ ಒಳ್ಳೆಯ ಕಲ್ಲು ಮುಗಿಯಿತು. ಬೇಡದ ಚೂರುಗಳ ರಾಶಿ ಅಲ್ಲೇ ಬಿತ್ತು, ಅದರ ಮೇಲೆ ಹುಲ್ಲು ಹಬ್ಬಿತು. ಈಗ ಅದು 50 ಎಕರೆಗೂ ಜಾಸ್ತಿ ಇರುವ ರಾಷ್ಟ್ರೀಯ ನಿಸರ್ಗಧಾಮ.

ಅಲ್ಲಿ ಮಣ್ಣಿನ ಪದರ ತೀರಾ ತೆಳು. ಸುಣ್ಣ ಜಾಸ್ತಿ, ಸಾರ ಕಡಿಮೆ. ಹೂವಿಗೆ ಬೇಕಾದದ್ದು ಇದೇ! ಸಾರವಿಲ್ಲದ ನೆಲದಲ್ಲಿ ಒರಟು ಹುಲ್ಲು ಸೊಕ್ಕುವುದಿಲ್ಲ, ಚಿಕ್ಕ ಗಿಡಗಳಿಗೂ ಬಿಸಿಲು ಸಿಗುತ್ತದೆ. ಗೊಬ್ಬರ ಸುರಿದರೆ ಆ ಹುಲ್ಲು ಎದ್ದು ಎಲ್ಲವನ್ನೂ ಮುಚ್ಚಿಬಿಡುತ್ತದೆ. ಆರ್ಕಿಡ್‌ಗಳಿಗಂತೂ ಇನ್ನೂ ಕಷ್ಟ. ಅವುಗಳ ಬೀಜ ಧೂಳಿನಷ್ಟು ಸಣ್ಣದು, ಒಳಗೆ ಆಹಾರವೇ ಇರುವುದಿಲ್ಲ. ಮಣ್ಣಿನಲ್ಲಿರುವ ಶಿಲೀಂಧ್ರ ಉಣಿಸಿದರೆ ಮಾತ್ರ ಮೊಳೆಯುತ್ತದೆ. ಗೊಬ್ಬರದಿಂದ ಈ ನಂಟು ಕೆಡಬಹುದು.

ಕುರಿಗಳನ್ನು ಹೆಚ್ಚಾಗಿ ಹೂವೆಲ್ಲ ಬೀಜವಾದ ಮೇಲೆ ಬಿಡುತ್ತಾರೆ. ಅವು ಮೇಯದಿದ್ದರೆ ಕೆಲವೇ ವರ್ಷಗಳಲ್ಲಿ ಅಲ್ಲಿ ಮುಳ್ಳುಪೊದೆ ಬೆಳೆಯುತ್ತದೆ, ಹೂವು ಹೋಗುತ್ತದೆ.

ಖಾಲಿ ನೆಲ ಕಂಡರೆ ಸಸಿ ನೆಡಬೇಕು ಅನ್ನಿಸುವುದು ಸಹಜ, ಅಲ್ವಾ? ಆದರೆ ಹುಲ್ಲುಗಾವಲು ಖಾಲಿ ನೆಲವಲ್ಲ. ನಿಮ್ಮ ಪಕ್ಕದ ಜಿಲ್ಲೆಯ ರಾಣೆಬೆನ್ನೂರನ್ನೇ ನೋಡಿ. ಕೃಷ್ಣಮೃಗ ಓಡಾಡುವ ಬಯಲಿನಲ್ಲಿ ಎಷ್ಟೊಂದು ನೀಲಗಿರಿ ನೆಟ್ಟಿದ್ದಾರೆ! ಬಯಲಿನ ಪ್ರಾಣಿಗೆ ಬಯಲೇ ಬೇಕು. ಇದನ್ನು ಎಷ್ಟು ಸಲ ಬರೆಯಲೂ ನನಗೆ ಬೇಸರವಿಲ್ಲ.

ಮತ್ತೆ ಹೋದರೆ ಏಪ್ರಿಲ್ ಕೊನೆಗೆ ಹೋಗಿ. ಪಾಸ್ಕ್ ಹೂ ಅರಳಿರುತ್ತದೆ: ನೇರಳೆ ಎಸಳು, ನಡುವೆ ಹಳದಿ, ಮೈಯೆಲ್ಲ ಮೃದು ರೋಮ. ಇಂಗ್ಲೆಂಡಿನಲ್ಲಿ ಅದು ತಾನಾಗಿ ಬೆಳೆಯುವ ಜಾಗಗಳು ಬಹಳ ಕಡಿಮೆ. ಜೂನ್ ಆದರೆ ದುಂಬಿಯಂತೆ ಕಾಣುವ ಬೀ ಆರ್ಕಿಡ್ ಹುಡುಕಿ. ಗಿಡ ಗಿಡ್ಡ, ಹಾಗಾಗಿ ಕಾಲುದಾರಿ ಬಿಟ್ಟು ಹೆಜ್ಜೆ ಇಡಬೇಡಿ.