ಕಾಗದ ಇಲ್ಲ ಅಂದ ಮಾತ್ರಕ್ಕೆ ಹಕ್ಕು ಹೋಗುವುದಿಲ್ಲ

ಪ್ರಶ್ನೆ: ನಾವು ಜೇನುಕುರುಬರು, ಎಚ್.ಡಿ. ಕೋಟೆ ತಾಲ್ಲೂಕಿನ ಹಾಡಿಯವರು. ತಾತನ ಕಾಲದಿಂದ ರಾಗಿ ಬೆಳೆಯುತ್ತಿರುವ ಎರಡು ಎಕರೆಗೆ ಅಪ್ಪ ಅರಣ್ಯ ಹಕ್ಕು ಕಾಯ್ದೆಯಲ್ಲಿ ಅರ್ಜಿ ಹಾಕಿದ್ದರು. ‘75 ವರ್ಷದ ದಾಖಲೆ ಇಲ್ಲ, ಉಪವಿಭಾಗ ಸಮಿತಿಯಲ್ಲಿ ವಜಾ ಆಗಿದೆ’ ಎಂದು ಬಾಯಲ್ಲೇ ಹೇಳಿ ಕಳಿಸಿದರು. ಜಾಗ ಬಿಡಬೇಕಾ ಮೇಡಂ?

ಉತ್ತರ: ಬಿಡಬೇಡಿ. ಅರ್ಜಿಗಳ ವಿಚಾರಣೆ, ಪರಿಶೀಲನೆ ಪೂರ್ತಿ ಮುಗಿಯುವವರೆಗೆ ಒಕ್ಕಲೆಬ್ಬಿಸುವ ಹಾಗಿಲ್ಲ ಎಂದು 2006ರ ಕಾಯ್ದೆಯೇ ಹೇಳುತ್ತದೆ.

ಆ 75 ವರ್ಷದ ಮಾತು ನಿಮಗೆ ಅನ್ವಯಿಸುವುದೇ ಇಲ್ಲ. ಅದು ಪರಿಶಿಷ್ಟ ಪಂಗಡಕ್ಕೆ ಸೇರದ ಅರಣ್ಯವಾಸಿಗಳಿಗೆ; ಜೇನುಕುರುಬರು ಪರಿಶಿಷ್ಟ ಪಂಗಡದವರೇ. ನೀವು 2005ರ ಡಿಸೆಂಬರ್ 13ಕ್ಕೆ ಮೊದಲಿನಿಂದ ಆ ಜಾಗದಲ್ಲಿದ್ದೀರಿ ಎಂದು ತೋರಿಸಿದರೆ ಸಾಕು. ಹಾಡಿಯವರನ್ನು ಈ ಒಂದು ಮಾತಿನಲ್ಲಿ ವಾಪಸ್ ಕಳಿಸುವುದನ್ನು ಕೇಳಿದಾಗಲೆಲ್ಲ ನನಗೆ ಸಿಟ್ಟು ಬರುತ್ತದೆ.

ಮೊದಲು ವಜಾ ಆದ ಆದೇಶವನ್ನು ಕಾರಣ ಸಮೇತ ಬರಹದಲ್ಲಿ ಕೇಳಿ. ಸುಮ್ನೆ ಬಾಯಲ್ಲಿ ಹೇಳಿದರೆ ನಡೆಯುವುದಿಲ್ಲ. ನೀವು ಕೊಟ್ಟ ಪತ್ರದ ಜೆರಾಕ್ಸ್ ಮೇಲೆ ಸೀಲು, ತಾರೀಕು ಹಾಕಿಸಿಕೊಳ್ಳಿ. ಆದೇಶ ಕೈಗೆ ಬಂದ 60 ದಿನದೊಳಗೆ ಜಿಲ್ಲಾಧಿಕಾರಿಗಳ ಅಧ್ಯಕ್ಷತೆಯ ಜಿಲ್ಲಾ ಸಮಿತಿಗೆ ಮೇಲ್ಮನವಿ ಹಾಕಬೇಕು. ಅಪ್ಪನ ಮಾತು ಕೇಳದೆ ಅವರ ವಿರುದ್ಧ ತೀರ್ಮಾನ ಮಾಡುವಂತಿಲ್ಲ.

ಸಾಕ್ಷ್ಯ ಕನಿಷ್ಠ ಎರಡು ಬಗೆಯದ್ದು ಬೇಕು. ರೇಷನ್ ಕಾರ್ಡ್, ವೋಟರ್ ಪಟ್ಟಿ ನಡೆಯುತ್ತವೆ. ಅವು ಇಲ್ಲ ಅಂದರೂ ದಾರಿ ಇದೆ. ಅಪ್ಪನಿಗಿಂತ ಹಿರಿಯರು ಹಾಡಿಯಲ್ಲಿ ಇದ್ದಾರಲ್ವಾ? ಜಮೀನನ್ನು ಮೊದಲು ಯಾರು ಕಡಿದು ಹಸನು ಮಾಡಿದರು, ಗಡಿ ಯಾವ ಮರದಿಂದ ಯಾವ ಬಂಡೆವರೆಗೆ, ಎಲ್ಲವನ್ನೂ ಅವರ ಬಾಯಿಂದ ಕೇಳಿ ಬರೆದು ಹೆಬ್ಬೆಟ್ಟು ಒತ್ತಿಸಿ. ಅದು ಕಾನೂನು ಒಪ್ಪುವ ಸಾಕ್ಷ್ಯ. ಹಳೇ ಬಾವಿ, ಮನೆಯ ತಳಪಾಯ, ಹಿರಿಯರ ಸಮಾಧಿ, ದೇವರ ಕಲ್ಲು ಕೂಡ ಸಾಕ್ಷ್ಯವೇ. ಗ್ರಾಮಸಭೆಯ ಅರಣ್ಯ ಹಕ್ಕು ಸಮಿತಿಯವರನ್ನು ಜಾಗಕ್ಕೆ ಕರೆದುಕೊಂಡು ಹೋಗಿ, ಒಂದೊಂದನ್ನೂ ಮಹಜರಿನಲ್ಲಿ ಬರೆಸಿ, ಫೋಟೋ ತೆಗೆಸಿ. ಉಪಗ್ರಹ ಚಿತ್ರದಲ್ಲಿ ಹೊಲ ಕಾಣಲಿಲ್ಲ ಎಂದರೆ ಗಾಬರಿ ಬೇಡ. ಅದು ಬೇರೆ ಸಾಕ್ಷ್ಯಗಳ ಜೊತೆಗೆ ಮಾತ್ರ, ಅವುಗಳ ಬದಲಿಗೆ ಅಲ್ಲ.

ಜೇನು, ನೆಲ್ಲಿಕಾಯಿ ತರುವ ಕಾಡಿನ ಮೇಲೆ ಇಡೀ ಹಾಡಿ ಸೇರಿ ಸಮುದಾಯ ಹಕ್ಕಿಗೆ ಬೇರೆ ಅರ್ಜಿ ಹಾಕಬಹುದು. ಹುಲಿ ರಕ್ಷಿತಾರಣ್ಯ ಎಂದು ಹೆದರಬೇಡಿ. ಬಿಳಿಗಿರಿರಂಗನ ಬೆಟ್ಟದ ಸೋಲಿಗರು 2011ರಲ್ಲೇ ಅಂಥ ಜಾಗದಲ್ಲಿ ಈ ಹಕ್ಕು ಪಡೆದಿದ್ದಾರೆ.

ಇನ್ನೊಂದು. ಹಕ್ಕುಪತ್ರ ಗಂಡ ಹೆಂಡತಿ ಇಬ್ಬರ ಹೆಸರಿಗೂ ಜಂಟಿಯಾಗಿ ಬರಬೇಕು. ಅರ್ಜಿಯಲ್ಲಿ ಅಮ್ಮನ ಹೆಸರು ಇದೆಯಾ, ಇವತ್ತೇ ನೋಡಿ.