ಸೆನ್ಸಾರ್ ಕತ್ತರಿಯಿಂದ ಸಿನಿಮಾ ಬೆಳೆಯುತ್ತದೆಯೇ?

ಸರ್ವಾಧಿಕಾರ ಇದ್ದಲ್ಲೇ ಒಳ್ಳೆಯ ಸಾಮಾಜಿಕ ಸಿನಿಮಾ ಹುಟ್ಟುತ್ತದೆ, ಸೆನ್ಸಾರ್ ಭಯವೇ ನಿರ್ದೇಶಕನನ್ನು ಜಾಣನನ್ನಾಗಿ ಮಾಡುತ್ತದೆ ಎನ್ನುತ್ತಾರಲ್ಲ, ನಿಜವೇ ಎಂದು ಕೇಳಿದ್ದೀರಿ. ಫಿಲಿಪೀನ್ಸಿನ ನಿರ್ದೇಶಕ ಲಿನೊ ಬ್ರೋಕಾನ ಚಿತ್ರಗಳನ್ನು ನೋಡಿದ ಮೇಲೆ ಈ ಮಾತು ಕಿವಿಗೆ ಬಿದ್ದರೆ ನನಗೆ ಮೈ ಉರಿಯುತ್ತದೆ.

ಅಲ್ಲಿನ ಅಧ್ಯಕ್ಷ ಫರ್ಡಿನಾಂಡ್ ಮಾರ್ಕೋಸ್ 1972ರಲ್ಲಿ ಸೇನಾ ಕಾನೂನು ಹೇರಿದ. ಬ್ರೋಕಾ ಒಗಟಿನಂಥ ಸಂಕೇತಗಳ ಮೊರೆ ಹೋಗಲಿಲ್ಲ. ಜನ ದುಡ್ಡು ಕೊಟ್ಟು ನೋಡುವ ಕಣ್ಣೀರಿನ ಕಥೆಗಳನ್ನೇ ಎತ್ತಿಕೊಂಡ. 1976ರ 'ಇನ್ಸಿಯಾಂಗ್' ಶುರುವಾಗುವುದು ಕಸಾಯಿಖಾನೆಯಲ್ಲಿ, ಹಂದಿಗಳ ಕುತ್ತಿಗೆಗೆ ಇಳಿಯುವ ಚೂರಿಯಿಂದ. ಆಮೇಲೆ ಮನಿಲಾದ ಕೊಳೆಗೇರಿ, ಮಗಳ ಮೇಲೆ ಕೈ ಹಾಕುವ ತಾಯಿಯ ಪ್ರಿಯಕರ, ಮಗಳ ಸೇಡು. ಸರ್ಕಾರದ ವಿರುದ್ಧ ಒಂದು ಘೋಷಣೆಯೂ ಇಲ್ಲ. ಆದರೆ ಅದು ಅಧ್ಯಕ್ಷನ ಹೆಂಡತಿ ಇಮೆಲ್ಡಾ ಮಾರ್ಕೋಸ್ ವಿದೇಶಿ ಅತಿಥಿಗಳಿಗೆ ಕಾಣದಿರಲೆಂದು ಕೊಳೆಗೇರಿಗಳ ಮುಂದೆ ಬೇಲಿ ಕಟ್ಟಿಸುತ್ತಿದ್ದ ಕಾಲ. ಬೇಲಿಯ ಆಚೆಗಿನ ಕೊಚ್ಚೆಯನ್ನು ತೋರಿಸಿದ್ದೇ ತಕರಾರಾಯಿತು.

ಅವನ 'ಬಾಯನ್ ಕೋ' ನನಗೆ ಇನ್ನೂ ಹೆಚ್ಚು ಇಷ್ಟ. ಮುದ್ರಣಾಲಯದ ಕೆಲಸಗಾರ ಟ್ಯೂರಿಂಗ್, ಬಸುರಿ ಹೆಂಡತಿಯ ಖರ್ಚಿಗೆಂದು ಮಾಲೀಕನ ಬಳಿ ಕೈಯೊಡ್ಡುತ್ತಾನೆ. ಸಂಘಕ್ಕೆ ಸೇರುವುದಿಲ್ಲ ಎಂದು ಬರೆದುಕೊಡುತ್ತಾನೆ. ಜೊತೆಯವರು ಮುಷ್ಕರ ಹೂಡಿದಾಗ ಅವನು ಅತ್ತಲೂ ಇಲ್ಲ, ಇತ್ತಲೂ ಇಲ್ಲ. ಹೆರಿಗೆಯಾದ ಮೇಲೆ ಬಿಲ್ ಕಟ್ಟುವ ತನಕ ಬಾಣಂತಿಯನ್ನೂ ಕೂಸನ್ನೂ ಮನೆಗೆ ಕಳಿಸುವುದಿಲ್ಲ ಎಂದು ಆಸ್ಪತ್ರೆ ಕೂರುತ್ತದೆ. ದರೋಡೆಗೆ ಇಳಿಯುವ ಹೊತ್ತಿಗೆ ಅವನನ್ನು ಬೈಯಲು ನಮಗೆ ಬಾಯಿ ಬರುವುದಿಲ್ಲ. ಪ್ರತಿಭಟನೆಯ ದೃಶ್ಯಗಳನ್ನು ಕತ್ತರಿಸಿ ಎಂದಿತು ಸೆನ್ಸಾರ್ ಮಂಡಳಿ; ವ್ಯಾಜ್ಯ ಸುಪ್ರೀಂ ಕೋರ್ಟ್ ತನಕ ಹೋಯಿತು. ಅಷ್ಟರಲ್ಲಿ ಕಳ್ಳದಾರಿಯಲ್ಲಿ ದೇಶ ದಾಟಿದ ಚಿತ್ರ 1984ರಲ್ಲಿ ಫ್ರಾನ್ಸಿನ ಕಾನ್ ಚಿತ್ರೋತ್ಸವದ ಸ್ಪರ್ಧೆಯಲ್ಲಿತ್ತು. ಮರುವರ್ಷ ಜೀಪ್ನಿ (ಅಲ್ಲಿ ಜನ ಓಡಾಡುವ ಬಾಡಿಗೆ ಜೀಪು) ಚಾಲಕರ ಮುಷ್ಕರವನ್ನು ಬೆಂಬಲಿಸಿದ್ದಕ್ಕೆ ಬ್ರೋಕಾ ಎರಡು ವಾರಕ್ಕೂ ಹೆಚ್ಚು ಜೈಲಿನಲ್ಲಿದ್ದ.

ಇದರಲ್ಲಿ ಸೆನ್ಸಾರ್ ಕಲಿಸಿದ ಜಾಣತನ ಎಲ್ಲಿದೆ, ಹೇಳಿ. ಅವನ ಸಮಕಾಲೀನ ಇಶ್ಮಾಯೆಲ್ ಬೆರ್ನಾಲ್ 1980ರಲ್ಲಿ 'ಮನಿಲಾ ಬೈ ನೈಟ್' ತೆಗೆದರೆ, ಶೀರ್ಷಿಕೆಯಿಂದಲೂ ಮಾತುಗಳಿಂದಲೂ ಊರಿನ ಹೆಸರನ್ನೇ ಅಳಿಸಿಹಾಕಿದರು. ಹಾಗೆ ಮಾಡಿದ್ದರಿಂದ ಚಿತ್ರ ಒಂದು ಗುಲಗಂಜಿಯಷ್ಟೂ ಉತ್ತಮವಾಗಲಿಲ್ಲ. ಬ್ರೋಕಾ ಗೆದ್ದದ್ದು ಕತ್ತರಿಯ ಕೃಪೆಯಿಂದಲ್ಲ, ಅದರ ಜೊತೆ ಜಗಳಕ್ಕೆ ನಿಂತು. ಹೊಟ್ಟೆಪಾಡಿಗೆ ರಾಶಿ ರಾಶಿ ಮಾಮೂಲಿ ಚಿತ್ರಗಳನ್ನೂ ಮಾಡಿದ, ಅದು ಬೇರೆ.

1986ರಲ್ಲಿ ಮಾರ್ಕೋಸ್ ದೇಶ ಬಿಟ್ಟು ಓಡಿದ. ಹೊಸ ಸಂವಿಧಾನ ರಚಿಸುವ ಆಯೋಗದಲ್ಲಿ ಬ್ರೋಕಾನೂ ಇದ್ದ; ಅಭಿವ್ಯಕ್ತಿ ಸ್ವಾತಂತ್ರ್ಯ ಅದರೊಳಗೆ ಸೇರಿದ್ದು ಅವನ ಪಟ್ಟಿನಿಂದ. ನಡುವೆಯೇ ರಾಜೀನಾಮೆ ಕೊಟ್ಟು ಹೊರಬಂದ. ಹೊಸ ಸರ್ಕಾರದ ಕಾಲದ ಸಶಸ್ತ್ರ ಗುಂಪುಗಳ ಹಿಂಸೆಯ ಬಗ್ಗೆ 1989ರಲ್ಲಿ 'ಒರಾಪ್ರೊನೋಬಿಸ್' ತೆಗೆದ. ತವರಿನ ಚಿತ್ರಮಂದಿರಗಳಲ್ಲಿ ಅದಕ್ಕೂ ಬಿಡುಗಡೆಯ ಭಾಗ್ಯ ಸಿಗಲಿಲ್ಲ.